ದಾದಿಯ ಪಾಠ

"ರೋಗಿ ಬಯಸಿದ್ದೂ ಹಾಲು ಅನ್ನ, ವೈದ್ಯ ಹೇಳಿದ್ದೂ ಹಾಲು ಅನ್ನ" ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ಗಾದೆಯೇನೋ ಸೊಗಸಾಗಿದೆ; ಆದರೆ ಲೋಕಾನುಭವ ಬಹುಮಟ್ಟಿಗೆ ಅದಕ್ಕೆ ವ್ಯತಿರಿಕ್ತವಾದುದು. ವೈದ್ಯರು ಹೇಳುವುದು ಉಪ್ಪು ಕಡಿಮೆ ಹಾಕಿದ ಸಾರು. ರೋಗಿ ಬಯಸುವುದು ಮಿಡಿ ಮಾವಿನ ಉಪ್ಪಿನಕಾಯಿ. ವೈದ್ಯರು ಎದ್ದು ನಡೆಯಬೇಕೆಂದರೆ ರೋಗಿಗೆ ಮಲಗಿರುವ ಆಸೆ. ಮಲಗಿರಬೇಕೆಂದರೆ ಅಂಗಡಿಗೋ ಆಫೀಸಿಗೋ ಹೊರಡುವ ಆತುರ. ವೈದ್ಯರ ಮಾತಿಗೂ ರೋಗಿಯ ಮನಸ್ಸಿಗೂ ನಡುವೆ ಇಂತಹದೊಂದು ಹೊಳೆ ಹರಿಯುತ್ತಿದೆ. ಆ ಹೊಳೆಯನ್ನು ದಿನಕ್ಕೆ ಹತ್ತು ಸಲ ದಾಟಿ ಬರುವವಳು, ಎರಡು ದಡಗಳ ಭಾಷೆಯನ್ನೂ ಬಲ್ಲವಳು ದಾದಿ.

ದಾದಿಯೆಂದೊಡನೆ ಕಣ್ಣಿಗೆ ಕಟ್ಟುವ ಚಿತ್ರ ಎಲ್ಲರಿಗೂ ಪರಿಚಿತವಾದದ್ದೇ. ಒಂದು ಕೈಯಲ್ಲಿ ಥರ್ಮಾಮೀಟರು, ಇನ್ನೊಂದು ಕೈಯಲ್ಲಿ ಸೂಜಿ, ಹತ್ತಿ, ಮಾತ್ರೆಗಳನ್ನು ಇಟ್ಟ ತಟ್ಟೆ, ಮುಖದಲ್ಲಿ ಒಂದಿಷ್ಟು ಅವಸರ. ಹಳ್ಳಿಯವರು ಆಕೆಯನ್ನು "ನರ್ಸಮ್ಮ" ಎಂದು ಕರೆಯುತ್ತಾರೆ. ಪಟ್ಟಣದವರು "ಸಿಸ್ಟರ್" ಎನ್ನುತ್ತಾರೆ. ಈಗ ಈ ವೃತ್ತಿಗೆ ಗಂಡಸರೂ ಬಂದಿರುವುದರಿಂದ "ಬ್ರದರ್" ಎಂಬ ಕರೆಯೂ ವಾರ್ಡುಗಳಲ್ಲಿ ಕೇಳಿಬರುತ್ತದೆ. ಹೆಸರು ಯಾವುದೇ ಇರಲಿ, ಅವರನ್ನು ಜ್ವರ ನೋಡುವವರು, ಚುಚ್ಚುಮದ್ದು ಕೊಡುವವರು, ಹಾಸಿಗೆ ಸರಿಪಡಿಸುವವರು ಎಂದು ಜನ ತಿಳಿಯುತ್ತಾರೆಯೇ ಹೊರತು, ಕಲಿಸುವವರು ಎಂದು ತಿಳಿಯುವುದು ಅಪರೂಪ. ಕಲಿಸುವುದು ಮೇಷ್ಟರ ಕೆಲಸ. ಆಸ್ಪತ್ರೆಯಲ್ಲಿ ಪಾಠವೆಲ್ಲಿಂದ ಬಂತು ಎಂದು ಕೇಳುವವರೂ ಉಂಟು.

ಪಾಠದ ಅಗತ್ಯವನ್ನು ತಂದೊಡ್ಡಿದ್ದು ರೋಗಗಳ ಸ್ವಭಾವವೇ. ವಿಷಮಶೀತಜ್ವರದಂತಹ ಕಾಯಿಲೆ ಅತಿಥಿಯಂತೆ ಬಂದು, ಮೂರು ನಾಲ್ಕು ವಾರ ಕಾಡಿ, ಒಂದೋ ತಾನು ಹೋಗುತ್ತಿತ್ತು, ಇಲ್ಲವೇ ರೋಗಿಯನ್ನು ಕರೆದುಕೊಂಡು ಹೋಗುತ್ತಿತ್ತು. ಸಕ್ಕರೆ ಕಾಯಿಲೆ, ರಕ್ತದೊತ್ತಡ, ಹೃದಯದ ದೌರ್ಬಲ್ಯ ಮುಂತಾದುವು ಹಾಗಲ್ಲ. ಒಮ್ಮೆ ಒಳಗೆ ಬಂದುವೆಂದರೆ ಬಾಡಿಗೆ ಕೊಡದ ಬಿಡಾರದವರಂತೆ ಮನೆಯಲ್ಲೇ ನೆಲಸುತ್ತವೆ. ಇಂತಹ ರೋಗಿ ಆಸ್ಪತ್ರೆಯಲ್ಲಿರುವುದು ನಾಲ್ಕು ದಿನ. ರೋಗದೊಡನೆ ಬಾಳಬೇಕಾದುದು ಹಲವು ವರ್ಷ. ಆ ವರ್ಷಗಳಲ್ಲಿ ಮಾತ್ರೆಯನ್ನು ಎಣಿಸುವವನು, ಸೂಜಿಯನ್ನು ಹಿಡಿಯುವವನು, ಪಥ್ಯವನ್ನು ಕಾಯುವವನು ರೋಗಿಯೇ. ಅವನಿಗೆ ಈ ಕೆಲಸಗಳನ್ನು ಯಾರೂ ಕಲಿಸದಿದ್ದರೆ ಆಸ್ಪತ್ರೆಯಲ್ಲಿ ಗಳಿಸಿದ ಆರೋಗ್ಯವನ್ನು ಮನೆಯಲ್ಲಿ ಕಳೆದುಕೊಳ್ಳಲು ಹೆಚ್ಚು ಕಾಲ ಬೇಕಾಗುವುದಿಲ್ಲ.

ನಮ್ಮ ಪ್ರಾಚೀನರು ಈ ವಿಷಯವನ್ನು ಆಲೋಚಿಸದೆ ಇರಲಿಲ್ಲ. ಚರಕ ಸಂಹಿತೆಯ ಸೂತ್ರಸ್ಥಾನದಲ್ಲಿ ಚಿಕಿತ್ಸೆಗೆ ನಾಲ್ಕು ಪಾದಗಳನ್ನು ಹೇಳಿದೆ: ವೈದ್ಯ, ಔಷಧದ್ರವ್ಯ, ಪರಿಚಾರಕ, ರೋಗಿ. ಒಂದೊಂದು ಪಾದಕ್ಕೂ ನಾಲ್ಕು ನಾಲ್ಕು ಗುಣಗಳು. ಪರಿಚಾರಕನಿಗೆ ಉಪಚಾರದ ತಿಳಿವಳಿಕೆ, ದಕ್ಷತೆ, ರೋಗಿಯಲ್ಲಿ ಅನುರಾಗ, ಶುಚಿತ್ವ ಇವು ನಾಲ್ಕು ಇರಬೇಕು. ಇದರಲ್ಲಿ ಆಶ್ಚರ್ಯವೇನೂ ಇಲ್ಲ. ಆದರೆ ರೋಗಿಗೂ ನಾಲ್ಕು ಗುಣಗಳು ಬೇಕೆಂದು ಆ ಗ್ರಂಥ ಹೇಳುತ್ತದೆ. ಹೇಳಿದ್ದು ನೆನಪಿರಬೇಕು, ಅದು ಸ್ಮೃತಿ. ನೆನಪಿದ್ದಂತೆ ನಡೆಯಬೇಕು, ಅದು ನಿರ್ದೇಶಕಾರಿತ್ವ. ಅಂಜಬಾರದು, ಅದು ಅಭೀರುತ್ವ. ತನಗೆ ಏನಾಗುತ್ತಿದೆಯೆಂದು ಬಾಯಿಬಿಟ್ಟು ತಿಳಿಸಬೇಕು, ಅದು ಜ್ಞಾಪಕತ್ವ. ರೋಗಿಯೆಂದರೆ ಮಲಗಿಸಿದಂತೆ ಮಲಗುವ ಮರದ ಕೊರಡಲ್ಲ, ಚಿಕಿತ್ಸೆಯಲ್ಲಿ ಅವನೂ ಒಬ್ಬ ಪಾಲುಗಾರ ಎಂಬ ದೊಡ್ಡ ಮಾತು ಇದರಲ್ಲಿ ಅಡಗಿದೆ.

ಇಲ್ಲಿ ಒಂದು ತೊಡಕುಂಟು. ಈ ಗುಣಗಳು ಮನುಷ್ಯನಲ್ಲಿ ಆರೋಗ್ಯವಿರುವಾಗ ಸಾಕಷ್ಟು ಇರುತ್ತವೆ. ಬೇಕಾದ ಹೊತ್ತಿಗೆ ಮಾಯವಾಗುತ್ತವೆ. ಜ್ವರ ನೆನಪನ್ನು ಕದಿಯುತ್ತದೆ. ನೋವು ಧೈರ್ಯವನ್ನು ಕದಿಯುತ್ತದೆ. ಸಂಕೋಚ ಬಾಯಿ ಕಟ್ಟುತ್ತದೆ. ಹಾಗಾದರೆ ರೋಗಿಗೆ ಆ ನಾಲ್ಕನ್ನು ಮರಳಿ ಒದಗಿಸುವವರು ಯಾರು? ಮೂರನೆಯ ಪಾದವಾದ ಪರಿಚಾರಿಕೆ ತನ್ನ ತಿಳಿವಳಿಕೆಯನ್ನೂ ಅನುರಾಗವನ್ನೂ ನಾಲ್ಕನೆಯ ಪಾದಕ್ಕೆ ಎರವಲು ಕೊಡಬೇಕು. ರೋಗಿಗೆ ದಾದಿ ಕಲಿಸುವ ಪಾಠವೆಂದರೆ ಇದೇ.

ಮೊದಲನೆಯದಾದ ಸ್ಮೃತಿಯನ್ನು ನೋಡೋಣ. ಬ್ರಿಟನ್ನಿನ ಮನಶ್ಶಾಸ್ತ್ರಜ್ಞ ಫಿಲಿಪ್ ಲೀ 1960ರ ದಶಕದಿಂದ ಮೊದಲುಗೊಂಡು, ವೈದ್ಯರ ಮಾತನ್ನು ಕೇಳಿ ಹೊರಬಂದ ರೋಗಿಗಳಿಗೆ ಎಷ್ಟು ನೆನಪಿರುತ್ತದೆಂದು ಪರೀಕ್ಷಿಸುತ್ತ ಬಂದ. ಹೇಳಿದ ಸಂಗತಿಗಳಲ್ಲಿ ಮೂರನೆಯ ಒಂದು ಪಾಲಿಗಿಂತ ಹೆಚ್ಚು ಬಾಗಿಲು ದಾಟುವಷ್ಟರಲ್ಲೇ ಮರೆತುಹೋಗಿರುತ್ತಿತ್ತು. ಮೊದಲು ಹೇಳಿದ ಮಾತು ಹೆಚ್ಚು ನಿಲ್ಲುತ್ತದೆ, ಮಾತು ಹೆಚ್ಚಾದಷ್ಟೂ ಮರೆವು ಹೆಚ್ಚುತ್ತದೆ ಎಂಬುದೂ ಅವನಿಗೆ ಕಂಡುಬಂತು. ಅನುಭವಸ್ಥಳಾದ ದಾದಿಗೆ ಇದನ್ನು ಪುಸ್ತಕ ನೋಡಿ ತಿಳಿಯಬೇಕಾಗಿಲ್ಲ. ಮುಖ್ಯವಾದುದನ್ನು ಆಕೆ ಮೊದಲೇ ಹೇಳುತ್ತಾಳೆ. ಮೂರಕ್ಕಿಂತ ಹೆಚ್ಚು ಸಂಗತಿಗಳನ್ನು ಒಂದೇ ಉಸಿರಿಗೆ ಹೇಳುವುದಿಲ್ಲ. "ದಿನಕ್ಕೆ ಎರಡು ಹೊತ್ತು" ಎನ್ನುವುದಕ್ಕೆ ಬದಲು "ಬೆಳಗಿನ ತಿಂಡಿಗೆ ಮುಂಚೆ ಒಂದು, ರಾತ್ರಿ ಊಟಕ್ಕೆ ಮುಂಚೆ ಒಂದು" ಎಂದು ಮಾತ್ರೆಯನ್ನು ಮನೆಯ ದಿನಚರಿಯ ಗೂಟಕ್ಕೆ ಕಟ್ಟುತ್ತಾಳೆ.

ಎಲ್ಲಕ್ಕಿಂತ ಮುಖ್ಯವಾಗಿ, ಆಕೆ "ಅರ್ಥವಾಯಿತೇ?" ಎಂದು ಕೇಳಿ ಸುಮ್ಮನಾಗುವುದಿಲ್ಲ. ಆ ಪ್ರಶ್ನೆಗೆ ನಮ್ಮ ನಾಡಿನಲ್ಲಿ ಇರುವ ಉತ್ತರ ಒಂದೇ: "ಹೂಂ." ಅರ್ಥವಾಗದವರೂ ಹೂಂ ಎನ್ನುತ್ತಾರೆ, ಅರ್ಥವಾಗಲಿಲ್ಲವೆಂದು ಹೇಳುವುದು ಹೇಳಿದವರಿಗೆ ಅಗೌರವವೆಂದು ತಿಳಿದವರೂ ಹೂಂ ಎನ್ನುತ್ತಾರೆ. ಜಾಣೆಯಾದ ದಾದಿ ತಪ್ಪನ್ನು ತನ್ನ ಮೇಲೆಯೇ ಹಾಕಿಕೊಳ್ಳುತ್ತಾಳೆ. "ಅಮ್ಮಾ, ನಾನು ಸರಿಯಾಗಿ ಹೇಳಿದೆನೋ ಇಲ್ಲವೋ ನೋಡಬೇಕು. ನಾಳೆ ಬೆಳಗ್ಗೆ ಮನೆಯಲ್ಲಿ ಹೇಗೆ ಮಾಡುತ್ತೀರಿ, ಒಂದು ಸಲ ಮಾಡಿ ತೋರಿಸಿ ನೋಡೋಣ" ಎನ್ನುತ್ತಾಳೆ. ಆಗ ನಿಜಸ್ಥಿತಿ ಹೊರಬೀಳುತ್ತದೆ.

ಇನ್ಸುಲಿನ್ ಚುಚ್ಚಿಕೊಳ್ಳಬೇಕಾದವರ ಉದಾಹರಣೆಯನ್ನೇ ತೆಗೆದುಕೊಳ್ಳಬಹುದು. ನಮ್ಮ ದೇಶದಲ್ಲಿ ಇನ್ಸುಲಿನ್ ಸೀಸೆಗಳು ಎರಡು ಬಲದಲ್ಲಿ ದೊರೆಯುತ್ತವೆ: ಒಂದು ಮಿಲಿಲೀಟರಿಗೆ 40 ಯೂನಿಟ್ಟಿನವು, 100 ಯೂನಿಟ್ಟಿನವು. ಅವುಗಳಿಗೆ ಸಿರಿಂಜುಗಳೂ ಬೇರೆ ಬೇರೆ. 40ರದಕ್ಕೆ ಸಾಮಾನ್ಯವಾಗಿ ಕೆಂಪು ಮುಚ್ಚಳ, 100ರದಕ್ಕೆ ಕಿತ್ತಳೆ ಬಣ್ಣದ ಮುಚ್ಚಳ. ಅಂಗಡಿಯವನು ಕೊಟ್ಟ ಸಿರಿಂಜು ಅದಲುಬದಲಾಯಿತೆಂದು ಇಟ್ಟುಕೊಳ್ಳಿ. 40ರ ಸೀಸೆಯಿಂದ 100ರ ಸಿರಿಂಜಿನಲ್ಲಿ 20ರ ಗೆರೆಯವರೆಗೆ ಎಳೆದುಕೊಂಡರೆ ದೇಹಕ್ಕೆ ಹೋಗುವುದು 8 ಯೂನಿಟ್ಟು ಮಾತ್ರ. 100ರ ಸೀಸೆಯಿಂದ 40ರ ಸಿರಿಂಜಿನಲ್ಲಿ ಅದೇ 20ರ ಗೆರೆಯವರೆಗೆ ಎಳೆದರೆ 50 ಯೂನಿಟ್ಟು ಹೋಗುತ್ತದೆ. ಅದು ಪ್ರಾಣಕ್ಕೇ ಅಪಾಯ. ಔಷಧ ಸರಿ, ವೈದ್ಯರು ಬರೆದ ಪ್ರಮಾಣವೂ ಸರಿ, ರೋಗಿ ತೋರಿದ ಶ್ರದ್ಧೆಯೂ ಸರಿ. ಆದರೂ ಕೆಲಸ ಕೆಡುತ್ತದೆ. ಸೀಸೆಯ ಮೇಲಿನ ಅಂಕಿಯನ್ನೂ ಸಿರಿಂಜಿನ ಮೇಲಿನ ಅಂಕಿಯನ್ನೂ ಪಕ್ಕಪಕ್ಕದಲ್ಲಿಟ್ಟು ತೋರಿಸಿ, ರೋಗಿಯ ಕೈಯಿಂದಲೇ ಒಮ್ಮೆ ಎಳೆಸಿ ನೋಡಿದ ದಾದಿ ಐದು ನಿಮಿಷದಲ್ಲಿ ಈ ಅಪಾಯವನ್ನು ತಪ್ಪಿಸಬಲ್ಲಳು.

ಇನ್ಸುಲಿನ್ನಿನ ಕಥೆಯ ಮೊದಲಲ್ಲೇ ದಾದಿಯ ಪಾಠವೂ ಸೇರಿಕೊಂಡಿದೆ. 1922ರ ಜನವರಿಯಲ್ಲಿ ಕೆನಡದ ಟೊರಾಂಟೊ ನಗರದಲ್ಲಿ ಒಬ್ಬ ಹುಡುಗನಿಗೆ ಅದನ್ನು ಮೊದಲು ಚುಚ್ಚಿದರು. ಅಮೆರಿಕದ ಬಾಸ್ಟನ್ನಿನಲ್ಲಿ ಸಕ್ಕರೆ ಕಾಯಿಲೆಗೆ ಹೆಸರಾಗಿದ್ದ ವೈದ್ಯ ಎಲಿಯಟ್ ಜಾಸ್ಲಿನ್ ಅದೇ ವರ್ಷದ ಆಗಸ್ಟಿನಲ್ಲಿ ಆ ಔಷಧವನ್ನು ಮೊದಲು ಕೊಟ್ಟದ್ದು ಎಲಿಜಬೆತ್ ಮಡ್ಜ್ ಎಂಬಾಕೆಗೆ; ಆಕೆಯೂ ಒಬ್ಬ ದಾದಿ. ಜಾಸ್ಲಿನ್ 1918ರಲ್ಲೇ ವೈದ್ಯರಿಗೂ ರೋಗಿಗಳಿಗೂ ಒಟ್ಟಿಗೆ ಉಪಯೋಗವಾಗುವಂತಹ ಕೈಪಿಡಿಯೊಂದನ್ನು ಬರೆದಿದ್ದ. ಸಕ್ಕರೆ ಕಾಯಿಲೆಯಲ್ಲಿ ಶಿಕ್ಷಣವೇ ಚಿಕಿತ್ಸೆ ಎಂಬುದು ಅವನ ನಂಬಿಕೆ. ಆದುದರಿಂದ ಅವನು ದಾದಿಯರಿಗೆ ವಿಶೇಷ ತರಬೇತಿ ಕೊಟ್ಟು ರೋಗಿಗಳ ಮನೆಗಳಿಗೇ ಕಳುಹಿಸುವ ಏರ್ಪಾಡು ಮಾಡಿದ. ತೂಕ ಮಾಡಿ ಉಣ್ಣುವುದು, ಮೂತ್ರ ಪರೀಕ್ಷಿಸುವುದು, ಸೂಜಿ ಕುದಿಸುವುದು, ಪಾದಗಳನ್ನು ತೊಳೆದು ನೋಡಿಕೊಳ್ಳುವುದು, ಇವೆಲ್ಲವನ್ನೂ ಆ ಸಂಚಾರಿ ದಾದಿಯರು ಅಡುಗೆಮನೆಯ ಮೇಜಿನ ಮುಂದೆ ಕುಳಿತು ಕಲಿಸಿದರು.

ಎರಡನೆಯ ಗುಣ ನಿರ್ದೇಶಕಾರಿತ್ವ, ಎಂದರೆ ಹೇಳಿದಂತೆ ನಡೆಯುವುದು. ಇದಕ್ಕೆ ನಮ್ಮ ನೆರೆಯ ಮದ್ರಾಸಿನಲ್ಲೇ ಪ್ರಪಂಚ ತಲೆದೂಗಿದ ನಿದರ್ಶನವೊಂದು ನಡೆದಿದೆ. ಕ್ಷಯರೋಗವೆಂದರೆ ಒಂದು ಕಾಲಕ್ಕೆ ಊರ ಹೊರಗಿನ ಸ್ಯಾನಿಟೋರಿಯಂ, ವರ್ಷಗಟ್ಟಲೆ ವಿಶ್ರಾಂತಿ, ಹಾಲು ಮೊಟ್ಟೆಗಳ ಆಹಾರ ಎಂದು ಎಲ್ಲರೂ ನಂಬಿದ್ದರು. ಬಡವರಿಗೆ ಇದೆಲ್ಲ ದೂರದ ಮಾತು. ಇದ್ದ ರೋಗಿಗಳಿಗೆ ಸಾಲುವಷ್ಟು ಹಾಸಿಗೆಗಳೂ ದೇಶದಲ್ಲಿರಲಿಲ್ಲ. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ, ಮದ್ರಾಸ್ ಸರ್ಕಾರ, ವಿಶ್ವ ಆರೋಗ್ಯ ಸಂಸ್ಥೆ, ಬ್ರಿಟನ್ನಿನ ವೈದ್ಯಕೀಯ ಸಂಶೋಧನಾ ಮಂಡಳಿ ಇವು ಕೂಡಿ 1956ರಲ್ಲಿ ಮದ್ರಾಸಿನಲ್ಲಿ ಕ್ಷಯ ಚಿಕಿತ್ಸಾ ಕೇಂದ್ರವೊಂದನ್ನು ತೆರೆದುವು. ಸುಮಾರು 200 ಮಂದಿ ಬಡ ರೋಗಿಗಳನ್ನು ಚೀಟಿ ಎತ್ತಿದಂತೆ ಎರಡು ಗುಂಪು ಮಾಡಿ, ಒಂದು ಗುಂಪನ್ನು ಸ್ಯಾನಿಟೋರಿಯಂನಲ್ಲಿಟ್ಟು, ಇನ್ನೊಂದು ಗುಂಪಿಗೆ ಅವರವರ ಇಕ್ಕಟ್ಟಿನ ಮನೆಗಳಲ್ಲೇ ಒಂದು ವರ್ಷ ಅದೇ ಔಷಧಗಳನ್ನು ಕೊಟ್ಟರು.

1959ರಲ್ಲಿ ಫಲಿತಾಂಶ ಪ್ರಕಟವಾದಾಗ ಹಳೆಯ ನಂಬಿಕೆ ಅಲುಗಾಡಿತು. ಸ್ಯಾನಿಟೋರಿಯಂನಲ್ಲಿದ್ದವರಿಗೆ ಒಳ್ಳೆಯ ಊಟವಿತ್ತು, ವಿಶ್ರಾಂತಿಯಿತ್ತು, ಗಾಳಿಯಿತ್ತು. ಮನೆಯಲ್ಲಿದ್ದವರಿಗೆ ಇವಾವುವೂ ಇರಲಿಲ್ಲ. ಆದರೂ ಮನೆಯವರು ಗುಣಹೊಂದಿದ ಪ್ರಮಾಣ ಹೆಚ್ಚುಕಡಿಮೆ ಅವರ ಸಮಕ್ಕೆ ಬಂದಿತ್ತು. ಮನೆಯ ಇತರರಿಗೆ ರೋಗ ಹೆಚ್ಚಾಗಿ ಅಂಟಲೂ ಇಲ್ಲ.

ಈ ವಿಜಯವನ್ನು ಔಷಧದ ವಿಜಯವೆಂದು ಹೇಳುವುದು ವಾಡಿಕೆ. ಅದು ಅರ್ಧಸತ್ಯ. ಅಂದಿನ ಔಷಧಗಳಲ್ಲಿ ಒಂದಾದ ಪಿ.ಎ.ಎಸ್. ಎಂಬುದನ್ನು ದಿನವೂ ರಾಶಿ ರಾಶಿಯಾಗಿ ನುಂಗಬೇಕಾಗಿತ್ತು. ಅದು ಹೊಟ್ಟೆ ತೊಳಸುತ್ತಿತ್ತು. ಎರಡು ತಿಂಗಳಾಗುವಷ್ಟರಲ್ಲಿ ಕೆಮ್ಮು ನಿಂತು, ಮೈತೂಕ ಏರಿ, ರೋಗಿಗೆ ತಾನು ಗುಣಹೊಂದಿದೆನೆಂದು ತೋರುತ್ತಿತ್ತು. ಇನ್ನು ಹತ್ತು ತಿಂಗಳು ಏಕೆ ನುಂಗಬೇಕು? ಈ ಪ್ರಶ್ನೆಗೆ ರೋಗಿಯ ಮನೆಯ ಜಗಲಿಯ ಮೇಲೆ ಕುಳಿತು ಉತ್ತರ ಹೇಳಿದವರು ಕೇಂದ್ರದ ದಾದಿಯರು ಮತ್ತು ಆರೋಗ್ಯ ಸಂದರ್ಶಕರು. ಅವರು ಮುಂಚಿತವಾಗಿ ತಿಳಿಸದೆ ಮನೆಗೆ ಹೋಗಿ ಉಳಿದ ಔಷಧವನ್ನು ಎಣಿಸಿದರು. ಮೂತ್ರವನ್ನು ಪರೀಕ್ಷಿಸಿ ಔಷಧ ಹೊಟ್ಟೆಗೆ ಹೋಗಿದೆಯೋ ಇಲ್ಲವೋ ತಿಳಿದರು. ಬರಿಯ ಎಣಿಕೆಯಿಂದ ಯಾರೂ ವರ್ಷಗಟ್ಟಲೆ ಕಹಿ ನುಂಗುವುದಿಲ್ಲ. ರೋಗ ಅಡಗಿದೆ, ಅಳಿದಿಲ್ಲ. ನಡುವೆ ನಿಲ್ಲಿಸಿದರೆ ಉಳಿದ ಕ್ರಿಮಿಗಳು ಔಷಧಕ್ಕೂ ಬಗ್ಗದಷ್ಟು ಬಲಿಯುತ್ತವೆ ಎಂಬ ಕಾರಣವನ್ನು ರೋಗಿಗೆ ಮನಗಾಣಿಸಬೇಕಾಗಿತ್ತು. ಕಾರಣ ತಿಳಿದವನು ನಡೆಯುವ ರೀತಿಯೇ ಬೇರೆ, ಅಪ್ಪಣೆ ಕೇಳಿ ನಡೆಯುವ ರೀತಿಯೇ ಬೇರೆ. ಇಂದು ಸಾಮಾನ್ಯ ಕ್ಷಯಕ್ಕೆ ಆರು ತಿಂಗಳ ಚಿಕಿತ್ಸೆ ಸಾಕಾಗುತ್ತದೆ. ಆದರೆ ಆ ಆರು ತಿಂಗಳನ್ನು ಪೂರ್ತಿ ಮಾಡಿಸುವ ಕೆಲಸ ಇಂದಿಗೂ ಮಾತಿನ ಕೆಲಸವೇ ಆಗಿದೆ.

ಮೂರನೆಯದು ಅಭೀರುತ್ವ. ರೋಗಿಯ ಭಯದಲ್ಲಿ ಅರ್ಧ ಭಾಗ ರೋಗದ್ದಲ್ಲ, ಅನಿರೀಕ್ಷಿತವಾದುದರದು. ಕ್ಷಯಕ್ಕೆ ಕೊಡುವ ರಿಫಾಂಪಿಸಿನ್ ಎಂಬ ಔಷಧವನ್ನು ತೆಗೆದುಕೊಂಡವರ ಮೂತ್ರ ಕಿತ್ತಳೆ ಕೆಂಪಾಗುತ್ತದೆ. ಅದರಿಂದ ಕೆಡುಕೇನೂ ಇಲ್ಲ. ಆದರೆ ಮೊದಲೇ ತಿಳಿಸದಿದ್ದರೆ ರೋಗಿ ಅದನ್ನು ನೋಡಿ, ರಕ್ತವೇ ಹೋಗುತ್ತಿದೆಯೆಂದು ಹೆದರಿ, ಯಾರಿಗೂ ಹೇಳದೆ ಮಾತ್ರೆಯನ್ನು ಕಿಟಕಿಯಿಂದಾಚೆ ಎಸೆಯಬಹುದು. "ನಾಳೆಯಿಂದ ಬಣ್ಣ ಬದಲಾಗುತ್ತದೆ, ಗಾಬರಿಯಾಗಬೇಡಿ, ಔಷಧ ಒಳಗೆ ಹೋಗಿದೆಯೆಂದು ಅದರ ಅರ್ಥ" ಎಂದು ದಾದಿ ಹೇಳಿಬಿಟ್ಟರೆ, ಹೆದರಿಸಬೇಕಾಗಿದ್ದ ಗುರುತೇ ಧೈರ್ಯ ಕೊಡುವ ಗುರುತಾಗುತ್ತದೆ.

ಶಸ್ತ್ರಚಿಕಿತ್ಸೆಯ ವಿಷಯದಲ್ಲೂ ಹೀಗೆಯೇ. 1964ರಲ್ಲಿ ಬಾಸ್ಟನ್ನಿನ ಮ್ಯಾಸಚೂಸೆಟ್ಸ್ ಜನರಲ್ ಆಸ್ಪತ್ರೆಯ ಅರಿವಳಿಕೆ ವೈದ್ಯರು ಒಂದು ಪ್ರಯೋಗವನ್ನು ಪ್ರಕಟಿಸಿದರು. ಹೊಟ್ಟೆಯ ಶಸ್ತ್ರಚಿಕಿತ್ಸೆಗೆ ಬಂದ 97 ಮಂದಿಯಲ್ಲಿ ಒಂದು ಗುಂಪಿಗೆ, ಎಚ್ಚರವಾದ ಮೇಲೆ ಎಲ್ಲಿ ನೋಯುತ್ತದೆ, ಎಷ್ಟು ದಿನ ನೋಯುತ್ತದೆ, ಮೈ ಸಡಿಲಿಸುವುದು ಹೇಗೆ, ಮಗ್ಗುಲಾಗುವುದು ಹೇಗೆ ಎಂದು ಹಿಂದಿನ ದಿನವೇ ತಿಳಿಸಿದರು. ಇನ್ನೊಂದು ಗುಂಪಿಗೆ ತಿಳಿಸಲಿಲ್ಲ. ತಿಳಿದವರಿಗೆ ನೋವಿನ ಔಷಧ ಸುಮಾರು ಅರ್ಧದಷ್ಟೇ ಸಾಕಾಯಿತು. ಅವರು ಸರಾಸರಿ 2.7 ದಿನ ಮೊದಲೇ ಮನೆಗೆ ಹೋದರು. ಮನೆಗೆ ಕಳುಹಿಸಿದ ಶಸ್ತ್ರವೈದ್ಯರಿಗೆ ಯಾರು ಯಾವ ಗುಂಪಿನವರೆಂದು ಗೊತ್ತಿರಲಿಲ್ಲ. ಬ್ರಿಟನ್ನಿನಲ್ಲಿ ಜ್ಯಾಕ್ ಹೇವರ್ಡ್ 1975ರಲ್ಲಿ ಪ್ರಕಟಿಸಿದ ಶುಶ್ರೂಷಾ ಸಂಶೋಧನೆಯೂ ಇದನ್ನೇ ಹೇಳಿತು: ತಿಳಿವಳಿಕೆಯೂ ಒಂದು ನೋವು ನಿವಾರಕ. ಹೊಟ್ಟೆಯ ಹೊಲಿಗೆಯ ಮೇಲೆ ದಿಂಬನ್ನು ಒತ್ತಿ ಹಿಡಿದು ಕೆಮ್ಮುವುದನ್ನು ಹಿಂದಿನ ಸಂಜೆಯೇ ಕಲಿಸಿಕೊಟ್ಟ ದಾದಿ, ಮರುದಿನ ಹೊಲಿಗೆ ಬಿಚ್ಚೀತೆಂಬ ಭಯದಿಂದ ಕೆಮ್ಮದೆ ಎದೆಯಲ್ಲಿ ಕಫ ಕಟ್ಟಿಸಿಕೊಳ್ಳುವ ಸಂಕಟದಿಂದ ರೋಗಿಯನ್ನು ಪಾರುಮಾಡುತ್ತಾಳೆ.

ಇನ್ನು ನಾಲ್ಕನೆಯದಾದ ಜ್ಞಾಪಕತ್ವ. ಇದು ತಿಳಿಸುವ ಗುಣ. ತಿಳಿಸಬೇಕಾದರೆ ಕೇಳುವವರಿರಬೇಕಲ್ಲವೆ? ಕನ್ನಡದಲ್ಲಿ ರೋಗಿಯ ಆರೈಕೆಗೆ "ಶುಶ್ರೂಷೆ" ಎನ್ನುತ್ತೇವೆ. ಆ ಸಂಸ್ಕೃತ ಶಬ್ದದ ಮೂಲಾರ್ಥ ಕೇಳಬೇಕೆಂಬ ಇಚ್ಛೆ. ಗುರುವಿನ ಮಾತನ್ನು ಕೇಳಲು ಬಯಸುವವನು ಗುರುಸೇವೆ ಮಾಡುತ್ತಿದ್ದುದರಿಂದ ಸೇವೆಗೇ ಆ ಹೆಸರು ಬಂತು. ಪಾಠ ಹೇಳುವವಳಿಗಿಂತ ಮೊದಲು ಕೇಳಿಸಿಕೊಳ್ಳುವವಳಾಗಬೇಕೆಂದು ದಾದಿಯ ವೃತ್ತಿಯ ಹೆಸರೇ ಸಾರುತ್ತಿದೆ.

ಕೇಳಿಸಿಕೊಳ್ಳದಿದ್ದರೆ ಏನಾಗುತ್ತದೆಂಬುದಕ್ಕೆ ನಮ್ಮ ತುಮಕೂರು ಜಿಲ್ಲೆಯೇ ಸಾಕ್ಷಿ. 1959ರಲ್ಲಿ ಬೆಂಗಳೂರಿನಲ್ಲಿ ರಾಷ್ಟ್ರೀಯ ಕ್ಷಯರೋಗ ಸಂಸ್ಥೆ ಆರಂಭವಾಯಿತು. ಅಲ್ಲಿನ ಬ್ಯಾನರ್ಜಿ ಮತ್ತು ಆಂಡರ್ಸನ್ ಎಂಬ ಸಂಶೋಧಕರು ತುಮಕೂರು ಜಿಲ್ಲೆಯ ಹಳ್ಳಿಗಳ ಕ್ಷಯರೋಗಿಗಳನ್ನು ಮಾತನಾಡಿಸಿ 1963ರಲ್ಲಿ ವರದಿ ಪ್ರಕಟಿಸಿದರು. ಹಳ್ಳಿಯ ಜನಕ್ಕೆ ತಿಳಿವಳಿಕೆಯಿಲ್ಲ, ಅವರು ಆಸ್ಪತ್ರೆಯ ಕಡೆ ತಲೆಹಾಕುವುದಿಲ್ಲ ಎಂಬುದು ಅಂದಿನ ವಿದ್ಯಾವಂತರ ಮಾತಾಗಿತ್ತು. ವರದಿ ಹೇಳಿದ್ದು ಬೇರೆ. ರೋಗಿಗಳಲ್ಲಿ ಬಹುಮಂದಿಗೆ ತಮ್ಮ ಕೆಮ್ಮು ಜ್ವರಗಳ ಅರಿವಿತ್ತು. ಅರ್ಧಕ್ಕಿಂತ ಹೆಚ್ಚು ಮಂದಿ ಆಗಲೇ ಚಿಕಿತ್ಸಾಲಯಗಳಿಗೆ ಹೋಗಿಯೂ ಇದ್ದರು. ಅಲ್ಲಿ ಅವರಿಗೆ ಸಾಮಾನ್ಯವಾಗಿ ಸಿಕ್ಕಿದ್ದು ಕೆಮ್ಮಿನ ಔಷಧದ ಒಂದು ಬಾಟಲಿ. "ಎಷ್ಟು ದಿನದಿಂದ ಕೆಮ್ಮು?" ಎಂಬ ಒಂದು ಪ್ರಶ್ನೆಯನ್ನು ಯಾರಾದರೂ ನಿಧಾನವಾಗಿ ಕೇಳಿದ್ದರೆ, ಕಫವನ್ನು ಪರೀಕ್ಷೆಗೆ ಕಳುಹಿಸಿದ್ದರೆ, ಅವರು ಬರಿಗೈಯಲ್ಲಿ ಹಿಂದಿರುಗಬೇಕಾಗಿರಲಿಲ್ಲ. ರೋಗಿಯ ಬಾಯಿ ತೆರೆದೇ ಇತ್ತು. ಆಸ್ಪತ್ರೆಯ ಕಿವಿ ಮುಚ್ಚಿತ್ತು.

ಹೇಳಬೇಕಾದುದು ಯಾವುದು, ಹೇಳದಿದ್ದರೂ ನಡೆಯುವುದು ಯಾವುದು ಎಂಬುದನ್ನು ರೋಗಿಗೆ ಕಲಿಸಬೇಕಾಗುತ್ತದೆ. ಹೆರಿಗೆಯಾಗಿ ಮನೆಗೆ ಹೋಗುವ ಬಾಣಂತಿಗೆ ತಡೆಯಲಾರದ ತಲೆನೋವು, ಕಣ್ಣು ಮಂಜಾಗುವುದು, ಮಿತಿಮೀರಿದ ರಕ್ತಸ್ರಾವ, ಜ್ವರ ಇವು ಮರುದಿನಕ್ಕೆ ಕಾಯುವ ಸಂಗತಿಗಳಲ್ಲ. ಹಸುಗೂಸು ಮೊಲೆ ಕುಡಿಯುವುದನ್ನು ಬಿಟ್ಟರೆ, ಮೈ ತಣ್ಣಗಾದರೆ, ಅತಿವೇಗವಾಗಿ ಉಸಿರಾಡಿದರೆ "ದೃಷ್ಟಿಯಾಗಿರಬೇಕು" ಎಂದು ನಿವಾಳಿಸಿ ಕೂರುವಂತಿಲ್ಲ. ಇನ್ಸುಲಿನ್ ತೆಗೆದುಕೊಳ್ಳುವವರಿಗೆ ಇದ್ದಕ್ಕಿದ್ದಂತೆ ಬೆವರು, ನಡುಕ, ಹಸಿವು, ತೊದಲು ಕಂಡರೆ ಅದು ಸಕ್ಕರೆ ಇಳಿದ ಗುರುತು. ಎಚ್ಚರವಿದ್ದು ನುಂಗಲು ಶಕ್ತರಾಗಿದ್ದರೆ ಮೂರು ಟೀ ಚಮಚ ಸಕ್ಕರೆಯನ್ನು ನೀರಿನಲ್ಲಿ ಕರಗಿಸಿ ಕುಡಿಸಬೇಕು. ಎಚ್ಚರ ತಪ್ಪಿದ್ದರೆ ಬಾಯಿಗೆ ಏನನ್ನೂ ಹಾಕದೆ ಆಸ್ಪತ್ರೆಗೆ ಕರೆದೊಯ್ಯಬೇಕು. ಹೆಂಗಸರು ಹಲವು ತೊಂದರೆಗಳನ್ನು ವೈದ್ಯರೆದುರು ಹೇಳಲು ನಾಚುತ್ತಾರೆ; ಕೂದಲು ಬಾಚಿಕೊಡುತ್ತಲೋ ಹಾಸಿಗೆಯ ಹೊದಿಕೆ ಬದಲಿಸುತ್ತಲೋ ಇರುವ ದಾದಿಯ ಬಳಿ ಸಲೀಸಾಗಿ ಹೇಳುತ್ತಾರೆ. ಎಷ್ಟೋ ಸಲ ರೋಗದ ನಿಜವಾದ ಸುಳಿವು ಸಿಕ್ಕುವುದು ಅಂತಹ ಮಾತುಗಳಲ್ಲೇ.

ನಮ್ಮ ದೇಶದಲ್ಲಿ ರೋಗಿ ಒಬ್ಬನೇ ಆಸ್ಪತ್ರೆಗೆ ಬರುವುದಿಲ್ಲ; ಅವನ ಹಿಂದೆ ಹೆಂಡತಿ, ತಾಯಿ, ಭಾವಮೈದುನ, ಊಟದ ಕ್ಯಾರಿಯರು ಎಲ್ಲವೂ ಬರುತ್ತವೆ. ಈ ಗುಂಪನ್ನು ಗದರಿಸಿ ಹೊರಗೆ ಕಳುಹಿಸುವುದು ಸುಲಭ. ಅವರನ್ನೇ ವಿದ್ಯಾರ್ಥಿಗಳನ್ನಾಗಿ ಮಾಡಿಕೊಳ್ಳುವುದು ಜಾಣತನ. 1971ರಲ್ಲಿ ಪೂರ್ವ ಬಂಗಾಳದಿಂದ ಓಡಿಬಂದ ನಿರಾಶ್ರಿತರ ನಡುವೆ ಕಾಲರಾ ಹಬ್ಬಿದಾಗ, ಪಶ್ಚಿಮ ಬಂಗಾಳದ ಬನ್‌ಗಾಂವ್‌ನಲ್ಲಿ ರಕ್ತನಾಳಕ್ಕೆ ಹರಿಸುವ ದ್ರಾವಣ ಮುಗಿಯುತ್ತ ಬಂತು. ವೈದ್ಯ ದಿಲೀಪ್ ಮಹಾಲನಬಿಸ್ ಉಪ್ಪು, ಸೋಡ, ಗ್ಲೂಕೋಸುಗಳ ಪೊಟ್ಟಣಗಳನ್ನು ಕಟ್ಟಿಸಿ, ಡ್ರಮ್ಮುಗಳಲ್ಲಿ ನೀರಿಗೆ ಬೆರೆಸಿಟ್ಟು, ರೋಗಿಗಳ ಬಂಧುಗಳ ಕೈಗೇ ಲೋಟ ಕೊಟ್ಟರು. ತಾಯಂದಿರು, ಅಣ್ಣತಮ್ಮಂದಿರು ಹಗಲಿರುಳು ಕುಡಿಸಿದರು. ನೂರಕ್ಕೆ 30ರವರೆಗೆ ಹೋಗಿದ್ದ ಸಾವು, ಹಾಗೆ ಕುಡಿದವರಲ್ಲಿ ನೂರಕ್ಕೆ 3.6ಕ್ಕೆ ಇಳಿಯಿತು. ಇಂದು ಆ ಪೊಟ್ಟಣ ಎಲ್ಲ ಔಷಧದಂಗಡಿಗಳಲ್ಲೂ ದೊರೆಯುತ್ತದೆ. ಆದರೆ ಒಂದು ಲೀಟರಿನ ಪೊಟ್ಟಣವನ್ನು ಸ್ವಲ್ಪ ಸ್ವಲ್ಪವಾಗಿ ಲೋಟದ ನೀರಿಗೆ ಉದುರಿಸಬಾರದು, ಪೂರ್ತಿ ಪೊಟ್ಟಣವನ್ನು ಕಾಯಿಸಿ ಆರಿಸಿದ ಒಂದು ಲೀಟರು ನೀರಿಗೆ ಒಮ್ಮೆಗೇ ಹಾಕಬೇಕು, 24 ಗಂಟೆಯ ಮೇಲೆ ಉಳಿದದ್ದನ್ನು ಚೆಲ್ಲಬೇಕು ಎಂಬ ಪಾಠವಿಲ್ಲದಿದ್ದರೆ ಪೊಟ್ಟಣ ಅರ್ಧ ಕೆಲಸವನ್ನೇ ಮಾಡೀತು.

ಫ್ಲಾರೆನ್ಸ್ ನೈಟಿಂಗೇಲ್ 1859ರಲ್ಲಿ ಶುಶ್ರೂಷೆಯ ವಿಷಯವಾಗಿ ಬರೆದ ಪ್ರಸಿದ್ಧ ಪುಸ್ತಕ ವೃತ್ತಿಯ ದಾದಿಯರಿಗಾಗಿ ಹುಟ್ಟಿದ್ದಲ್ಲ, ಮನೆಯಲ್ಲಿ ಯಾರನ್ನಾದರೂ ನೋಡಿಕೊಳ್ಳಬೇಕಾದ ಸಾಮಾನ್ಯ ಹೆಂಗಸರಿಗಾಗಿ ಹುಟ್ಟಿದ್ದು. 1890ರ ದಶಕದಲ್ಲಿ, ಮುಪ್ಪಿನಲ್ಲಿ, ಆಕೆ ಇಂಗ್ಲೆಂಡಿನ ಹಳ್ಳಿಗಳಿಗೆ ಆರೋಗ್ಯದ ಪಾಠ ಹೇಳುವ ಹೆಂಗಸರನ್ನು ಕಳುಹಿಸುವ ಏರ್ಪಾಡಿಗೆ ಬೆಂಬಲವಾಗಿ ನಿಂತಳು. ಭಾರತದ ಹಳ್ಳಿಗಳಿಗೂ ಅಂತಹವರು ಬೇಕೆಂದು ಬರೆದಳು. ಆ ವಿಚಾರದ ಇತ್ತೀಚಿನ ಕವಲೊಂದು ಕರ್ನಾಟಕದಲ್ಲೇ ಚಿಗುರಿದೆ. 2014ರಲ್ಲಿ ಸ್ಥಾಪಿತವಾದ ನೂರಾ ಹೆಲ್ತ್ ಎಂಬ ಸಂಸ್ಥೆ ಮೊದಲು ಇಲ್ಲಿನ ನಾರಾಯಣ ಹೃದಯಾಲಯದ ಆಸ್ಪತ್ರೆಗಳಲ್ಲಿ, ಬಳಿಕ ಹಲವು ರಾಜ್ಯಗಳ ಸರ್ಕಾರಿ ಆಸ್ಪತ್ರೆಗಳಲ್ಲಿ, ದಾದಿಯರಿಗೆ ತರಬೇತಿ ಕೊಟ್ಟು ರೋಗಿಗಳ ಮನೆಯವರಿಗೆ ವಾರ್ಡಿನಲ್ಲೇ ತರಗತಿ ನಡೆಸುವಂತೆ ಮಾಡಿದೆ. ಕಾರಿಡಾರಿನಲ್ಲಿ ಕಾದು ಕುಳಿತಿದ್ದವರು ಆಗ ಕೈ ತೊಳೆಯುವುದನ್ನೂ ಗಾಯ ನೋಡಿಕೊಳ್ಳುವುದನ್ನೂ ಕಲಿಯುತ್ತಾರೆ.

ಇಷ್ಟೆಲ್ಲ ಪ್ರಯೋಜನವಿದ್ದರೂ ಈ ಪಾಠ ಎಲ್ಲೆಡೆ ಏಕೆ ನಡೆಯುತ್ತಿಲ್ಲ? ಕಾರಣಗಳನ್ನು ದೂರ ಹುಡುಕಬೇಕಾಗಿಲ್ಲ. ತುಂಬಿದ ವಾರ್ಡಿಗೆ ಒಬ್ಬಿಬ್ಬರೇ ದಾದಿಯರಿದ್ದರೆ, ಚುಚ್ಚುಮದ್ದಿನ ಸರದಿ ಮುಗಿಸುವುದರಲ್ಲೇ ಪಾಳಿ ಮುಗಿಯುತ್ತದೆ. ಉಳಿದ ಹೊತ್ತನ್ನು ದಾಖಲೆ ಪುಸ್ತಕಗಳು ನುಂಗುತ್ತವೆ. ಕೊಟ್ಟ ಮಾತ್ರೆಗೆ ಲೆಕ್ಕವಿದೆ, ಹೇಳಿದ ಮಾತಿಗೆ ಲೆಕ್ಕವಿಲ್ಲ. ಲೆಕ್ಕವಿಲ್ಲದ ಕೆಲಸ ಮೊದಲು ಬಿಟ್ಟುಹೋಗುತ್ತದೆ. ಭಾಷೆಯ ತೊಡಕೂ ಉಂಟು. ಬೆಂಗಳೂರಿನ ಆಸ್ಪತ್ರೆಗಳಲ್ಲಿ ಕೇರಳದಿಂದ ಬಂದ ದಾದಿಯರು ಬಹಳ. ಅವರು ರೋಗಿಗಳಿಂದಲೇ ಕನ್ನಡ ಕಲಿತು "ನೋವು ಎಲ್ಲಿ, ಅಜ್ಜಿ?" ಎಂದು ಕೇಳುವುದನ್ನು ನೋಡಿದಾಗ ಪಾಠ ಎರಡು ಕಡೆಗೂ ನಡೆಯುತ್ತಿದೆಯೆಂದು ತೋರುತ್ತದೆ. ಅವರ ಕನ್ನಡವನ್ನು ನೋಡಿ ನಗುವವರು, ಅದೇ ಕನ್ನಡದಲ್ಲಿ ತಮ್ಮ ಪ್ರಾಣಕ್ಕೆ ಬೇಕಾದ ಮಾತಿದೆಯೆಂಬುದನ್ನು ಮರೆಯಬಾರದು.

ಇನ್ನೊಂದು ಕಾರಣ ಸಮಾಜದ್ದೇ. ವೈದ್ಯರು ಹೇಳಿದರೆ ವೇದವಾಕ್ಯ, ದಾದಿ ಹೇಳಿದರೆ ಬರಿಯ ಮಾತು ಎಂದು ತಿಳಿಯುವ ಜನ ಸುಶಿಕ್ಷಿತ ಕುಟುಂಬಗಳಲ್ಲೇ ಹೆಚ್ಚು. ಆಕೆ ಕಲಿಸಲು ಬಾಯಿ ತೆರೆದರೆ ಮೊಬೈಲಿನಲ್ಲಿ ಓದಿದ್ದನ್ನು ಎದುರಿಗೆ ಹೇಳಿ ಬಾಯಿ ಮುಚ್ಚಿಸುವವರಿದ್ದಾರೆ. ಕೆಲಸದಾಕೆಯನ್ನು ಕರೆದಂತೆ ಆಕೆಯನ್ನು ಕರೆಯುವವರೂ ಇದ್ದಾರೆ. ಗೌರವವಿಲ್ಲದ ಕಡೆ ಯಾವ ಮೇಷ್ಟರೂ ಮನಸ್ಸಿಟ್ಟು ಪಾಠ ಹೇಳಲಾರ.

ಆದುದರಿಂದ ಆಸ್ಪತ್ರೆಯಿಂದ ಬಿಡುಗಡೆಯಾಗುವ ದಿನ ಬಿಲ್ಲಿನ ಗಡಿಬಿಡಿಯಲ್ಲಿ ಎಲ್ಲರೂ ಹಣ ಕಟ್ಟುವ ಕಿಟಕಿಯ ಮುಂದೆಯೇ ನಿಲ್ಲಬೇಕಾಗಿಲ್ಲ. ಮನೆಯಲ್ಲಿ ರೋಗಿಯನ್ನು ನಿಜವಾಗಿ ನೋಡಿಕೊಳ್ಳುವವರು ಯಾರೋ ಅವರು, ಅದು ಸೊಸೆಯಾಗಲಿ ಮೊಮ್ಮಗನಾಗಲಿ, ಒಂದು ಕಾಗದ ಪೆನ್ನು ಹಿಡಿದು ದಾದಿಯ ಬಳಿ ಹೋಗಿ ನಾಲ್ಕು ಪ್ರಶ್ನೆ ಕೇಳುವುದು ಮೇಲು. ಯಾವ ಮಾತ್ರೆ ಯಾವಾಗ, ಎಷ್ಟು ದಿನ? ಹಾಗೆ ಮಾಡದಿದ್ದರೆ ಏನಾಗುತ್ತದೆ? ಮುಂದೆ ಏನಾದರೆ ಅದು ಸಹಜ, ಹೆದರಬೇಕಾಗಿಲ್ಲ? ಏನಾದರೆ ತಡಮಾಡದೆ ಬರಬೇಕು? ಚರಕನ ನಾಲ್ಕು ಗುಣಗಳೂ ಈ ನಾಲ್ಕು ಪ್ರಶ್ನೆಗಳಲ್ಲಿ ಅಡಗಿವೆ. ಉತ್ತರ ಬರೆದುಕೊಂಡ ಮೇಲೆ ಅದನ್ನು ಆಕೆಯೆದುರೇ ಒಮ್ಮೆ ಓದಿ ಹೇಳಬೇಕು. ತಪ್ಪಿದ್ದರೆ ಆಕೆಯೇ ತಿದ್ದುತ್ತಾಳೆ. ಇದಕ್ಕೆ ಹಿಡಿಯುವುದು ಹತ್ತು ನಿಮಿಷ. ಆಟೋ ಕಾದಿದ್ದರೆ ಇನ್ನು ಸ್ವಲ್ಪ ಹೊತ್ತು ಕಾಯಲಿ.